ಒಂಟಿ ಮೀಸೆಯ ಜೀರುಂಡೆ

ಐಜು-ವಾಕಾಮಾತ್ಸು
ನವೆಂಬರ್ 26, 2023
ಭಾನುವಾರ, ಮಧ್ಯಾಹ್ನ

ಪ್ರೀತಿಯ ಶಿಜುನೊ,

ಹೇಗಿದ್ದೀಯ? ಒತಾರುವಿನಲ್ಲಿ ಆಗಲೇ ಹಿಮ ಬಿದ್ದು ರೈಲು ನಿಂತಿತ್ತು ಎಂದು ಟಿವಿಯಲ್ಲಿ ನೋಡಿದೆ. ನಿನ್ನ ಮಂಡಿನೋವು ಈ ಚಳಿಗೆ ಏನಾಗಿದೆಯೋ. ಇಲ್ಲಿ ಬಂದಾಯ್ ಬೆಟ್ಟದ ನೆತ್ತಿ ಬೆಳ್ಳಗಾಗಿದೆ, ಊರೊಳಗೆ ಇನ್ನೂ ಇಳಿದಿಲ್ಲ. ಪರ್ಸಿಮನ್ ಹಣ್ಣು ಸುಲಿದು ಒಣಗಲು ಸೂರಿಗೆ ಕಟ್ಟಿದ್ದೇನೆ. ಈ ಸಲ ಕಾಗೆಗಳು ನನಗಿಂತ ಚುರುಕು.

ನಿನ್ನ ಕಾಗದ ಬಂದು ಏಳು ತಿಂಗಳಾಯಿತು, ಉತ್ತರ ಬರೆಯಲಿಲ್ಲ. ತಪ್ಪಾಯಿತು. ಕಾಗದ ಎಂದರೂ ಅದರಲ್ಲಿದ್ದದ್ದು ಒಂದೇ ಸಾಲು: "ಬಿಟ್ಟುಬಿಡು ಕಿನುಯೊ, ಮುಗಿದುಹೋದ ವಿಷಯ." ಅಷ್ಟನ್ನು ಬರೆಯಲು ನೀನು ಎಷ್ಟು ಹೊತ್ತು ಕುಳಿತಿದ್ದೆಯೋ ನನಗೆ ಗೊತ್ತಿಲ್ಲ. ನಾನು ಅದನ್ನು ಓದಿ, ಮಡಿಸಿ, ಅಕ್ಕಿ ಡಬ್ಬದ ಕೆಳಗಿಟ್ಟೆ. ದಿನಾ ಅಕ್ಕಿ ತೆಗೆಯುವಾಗ ಕಾಣುತ್ತಿತ್ತು. ದಿನಾ ಸಿಟ್ಟು ಬರುತ್ತಿತ್ತು. ನಿನ್ನ ಮೇಲಲ್ಲ.

ನಾನು ಬಿಡಲಿಲ್ಲ ಶಿಜುನೊ. ಅದನ್ನು ಹೇಳುವುದಕ್ಕೇ ಇವತ್ತು ಕುಳಿತಿದ್ದೇನೆ.

ಮಾರ್ಚಿನಲ್ಲಿ ಏನು ಕಂಡೆನೆಂದು ಆಗಲೇ ಬರೆದಿದ್ದೆ. ಸಣ್ಣದಾಗಿ ಭೂಮಿ ನಡುಗಿದ ಮಾರನೆಯ ದಿನ ನಮ್ಮ ಗುರುಗಳ ಮಗ ಮುನೆಹಿಸಾ ಟೋಕಿಯೋಗೆ ಹೋಗಿದ್ದ. ಕಾರ್ಯಾಗಾರದ ಗಾಜಿನ ಕಪಾಟಿನಲ್ಲಿ ಬಹುಮಾನದ ಆ ಪೆಟ್ಟಿಗೆ ಅಡ್ಡ ಬಿದ್ದಿದೆ, ಮುಟ್ಟಲು ಭಯ, ನೀವೇ ಬನ್ನಿ ಎಂದು ಅವನ ಹೆಂಡತಿ ಫೋನು ಮಾಡಿದಳು. ಹೋದೆ. ಮುಚ್ಚಳ ಕಳಚಿ ಬಿದ್ದಿತ್ತು. ಎತ್ತಿ ಕಿಟಕಿಯ ಬೆಳಕಿಗೆ ಹಿಡಿದೆ. ಮೂವತ್ತೆಂಟು ವರ್ಷದ ಹಿಂದೆ ಕಡುಗಂದಾಗಿ, ಸೋಯಾ ಸಾರಿನ ಹಾಗೆ ಏನನ್ನೂ ಬಿಟ್ಟುಕೊಡದಿದ್ದ ಒಳಮೈಯ ಉರುಶಿ ಮರದ ಹಾಲಿನ ಮೆರುಗು ವರ್ಷ ಕಳೆದಂತೆ ತಿಳಿಯಾಗಿದೆ. ಅದರ ಅಡಿಯಿಂದ ಚಿನ್ನದ ಒಂದು ಜೀರುಂಡೆ ಎದ್ದು ಬಂದಿದೆ. ಅಕ್ಕಿಕಾಳಿನಷ್ಟೇ ದೊಡ್ಡದು, ಒಂದೇ ಮೀಸೆ.

ಆ ಒಂಟಿ ಮೀಸೆಯನ್ನು ಗುರುತಿಸಲು ನನಗೆ ಕನ್ನಡಕ ಬೇಕಾಗಲಿಲ್ಲ. ನೀನು ಮೊದಲ ಸಲ ಜೀರುಂಡೆ ಬಿಡಿಸಿದಾಗ ನಿನ್ನ ಇಲಿಗೂದಲಿನ ಕುಂಚ ಕೈಕೊಟ್ಟು ಎರಡನೆಯ ಮೀಸೆ ಮೂಡಲೇ ಇಲ್ಲ. "ಇದು ಯಾವ ಜಗಳದಲ್ಲಿ ಕಳಕೊಂಡು ಬಂತಮ್ಮ?" ಎಂದು ಯುಗಾವಾ ಗುರುಗಳು ನಕ್ಕಿದ್ದರು. ಅಂದಿನಿಂದ ನೀನು ಹಟ ಹಿಡಿದು ಒಂದೇ ಮೀಸೆ ಬಿಡಿಸಿದೆ. ಪೆಟ್ಟಿಗೆಯ ಒಳಗೂ ಅದನ್ನು ಬಚ್ಚಿಟ್ಟಿದ್ದೀಯೆಂದು ನನಗೂ ಹೇಳಿರಲಿಲ್ಲ.

ಮುನೆಹಿಸಾ ಆ ಪೆಟ್ಟಿಗೆಯನ್ನು ಬಿಚ್ಚುವುದೇ ಇಲ್ಲ. ಹೊರಗಿನ ಜೊಂಡುಹುಲ್ಲಿನ ಚಿತ್ರವನ್ನಷ್ಟೇ ಎಲ್ಲರಿಗೂ ತೋರಿಸುತ್ತಾನೆ. ಅಡಿಯಲ್ಲಿ ತನ್ನ ಹೆಸರು ಬರೆದವನಿಗೆ ಒಳಗೆ ಏನಿದೆ ಎಂದು ನೋಡುವ ಕುತೂಹಲವೂ ಇಲ್ಲ ನೋಡು.

ತೊಕುಜಿ ತೀರಿಕೊಂಡು ನಾನು ಒಂಟಿಯಾದ ಮೇಲೆ ನಾನು ಪ್ರವಾಸಿಗರನ್ನು ಕರೆದುಕೊಂಡು ಹೋಗುವ ಕೆಲಸಕ್ಕೆ ಸೇರಿದ್ದು ನಿನಗೆ ಗೊತ್ತು. ಬೆಳಿಗ್ಗೆ ಮುನೆಹಿಸಾನ ಮೆರುಗಿನ ಕಾರ್ಯಾಗಾರ, ಮಧ್ಯಾಹ್ನ ನದಿಯಾಚೆಯ ಸಾಕೆ ಮನೆಯಲ್ಲಿ ಅಕ್ಕಿಮದ್ಯದ ರುಚಿ ನೋಡುವುದು. ಆರು ವರ್ಷ ಪ್ರತಿ ಶನಿವಾರ ಹಳದಿ ಬಾವುಟ ಹಿಡಿದು ಅವನ ಬಾಗಿಲಲ್ಲಿ ನಿಂತು ಸೊಂಟ ಬಗ್ಗಿಸಿದ್ದೇನೆ. "ಈಕೆ ನಮ್ಮ ತಂದೆಯ ಕಾಲದಲ್ಲಿ ಇಲ್ಲಿ ಉಜ್ಜೋ ಕೆಲಸ ಮಾಡ್ತಿದ್ರು" ಎಂದು ಅವನು ನನ್ನನ್ನು ಪರಿಚಯಿಸುತ್ತಿದ್ದ. ಉಜ್ಜುವ ಕೆಲಸ! ಐದು ವರ್ಷ ಕುಂಚ ಹಿಡಿದ ನನಗೆ! ನಾನು ನಗುತ್ತಿದ್ದೆ. ಆರು ವರ್ಷದ ಆ ನಗುವನ್ನೆಲ್ಲ ಈ ಹದಿನೆಂಟನೇ ತಾರೀಖು ವಾಪಸು ತೆಗೆದುಕೊಂಡೆ.

ಅಕ್ಟೋಬರಿನಲ್ಲಿ ಸುದ್ದಿ ಬಂತು. ಆ ಪೆಟ್ಟಿಗೆಯನ್ನು ವಸ್ತುಸಂಗ್ರಹಾಲಯವೊಂದು ಶಾಶ್ವತವಾಗಿ ಇಟ್ಟುಕೊಳ್ಳುತ್ತದಂತೆ. ಅಲ್ಲಿಂದ ಓನುಮಾ ಎಂಬ ಹೆಂಗಸು ನೋಡಲು ಬರುತ್ತಾರಂತೆ, ಪತ್ರಿಕೆಯವನೊಬ್ಬ ಬರುತ್ತಾನಂತೆ. ಆ ದಿನ ವಿಶೇಷ ಪ್ರವಾಸ ಇಡಿ, ಜನ ತುಂಬಿರಲಿ ಎಂದು ಮುನೆಹಿಸಾನೇ ನಮ್ಮ ಕಚೇರಿಗೆ ಹೇಳಿ ಕಳಿಸಿದ. ನಾನು ಹನ್ನೆರಡು ಜನರನ್ನು ತುಂಬಿಸಿದೆ.

ಅವರಲ್ಲಿ ಒಸಾಕಾದ ನಿಶಿವಾಕಿ ಎಂಬಾಕೆ ಇದ್ದಳು. ಎಪ್ಪತ್ತರ ಹತ್ತಿರ, ಬಾಯಿ ಮುಚ್ಚುವ ಅಭ್ಯಾಸವೇ ಇಲ್ಲ. ಬಸ್ಸು ಇಳಿಯುತ್ತಲೇ, "ಈ ಉರುಶಿ ಮರದ ಹಾಲು ಮುಟ್ಟಿದ್ರೆ ಮೈಯೆಲ್ಲ ತುರಿಕೆ ಅಂತಲ್ಲ, ಹೌದೇನ್ರಿ?" ಎಂದಳು.

"ಒಣಗಿದ್ದು ಏನೂ ಮಾಡಲ್ಲ. ಹಸೀದು ಮುಟ್ಟಬೇಡಿ ಅಷ್ಟೆ," ಎಂದೆ.

"ನಮ್ಮ ಯಜಮಾನ್ರನ್ನ ಮುಟ್ಟಿದ್ರೂ ತುರಿಕೇನೇ. ನಲವತ್ತು ವರ್ಷದಿಂದ ಅಭ್ಯಾಸ ಆಗಿದೆ ಬಿಡಿ."

ಪಕ್ಕದಲ್ಲಿದ್ದ ಯಜಮಾನರು ಆಕಾಶ ನೋಡಿದರು. ನನಗೆ ಅವಳ ಮೇಲೆ ಆಗಲೇ ಪ್ರೀತಿ ಹುಟ್ಟಿತು.

ಮುನೆಹಿಸಾ ಮಾಮೂಲಿನಂತೆ ಎಲ್ಲವನ್ನೂ ತೋರಿಸಿದ. ಹಸಿ ಮೆರುಗಿನ ಮೇಲೆ ಬಿದಿರಿನ ಕೊಳವೆಯಿಂದ ಚಿನ್ನದ ಪುಡಿ ಉದುರಿಸಿದಾಗ ಎಲ್ಲರೂ ಉಸಿರು ಬಿಗಿಹಿಡಿದರು. ಅವನ ಕೈ ಈಗಲೂ ಚೆನ್ನಾಗಿದೆ, ಸುಳ್ಳು ಹೇಳಲಾರೆ. ಆದರೆ ಅವನು ಬಿಡಿಸಿದ ಹುಲ್ಲು ಗಾಳಿಗೆ ಬಾಗುವುದಿಲ್ಲ. ನಿನ್ನದು ಬಾಗುತ್ತದೆ.

ಕೊನೆಗೆ ರೇಷ್ಮೆ ಬಟ್ಟೆಯ ಮೇಲೆ ಪೆಟ್ಟಿಗೆಯನ್ನು ತಂದಿಟ್ಟ. ಓನುಮಾ ಅವರು ಬಗ್ಗಿ ನೋಡಿದರು. ನಾನು ಬಾವುಟವನ್ನು ಗೋಡೆಗೆ ಒರಗಿಸಿ, ಅತ್ಯಂತ ವಿನಯದಿಂದ ಹೇಳಿದೆ: "ಗುರುಗಳೇ, ಹೊರಗಿನದನ್ನ ಎಲ್ಲರೂ ಪುಸ್ತಕದಲ್ಲಿ ನೋಡಿದ್ದಾರೆ. ಮುಚ್ಚಳದ ಒಳಗಡೆ ಹ್ಯಾಗಿದೆ ಅಂತ ಇವತ್ತೊಂದು ದಿನ ತೋರಿಸ್ತೀರಾ? ಕಿಟಕಿ ಹತ್ರ ಬೆಳಕು ಚೆನ್ನಾಗಿದೆ."

ಅವನಿಗೆ ಸಂತೋಷವೇ ಆಯಿತು. ಮುಚ್ಚಳ ಎತ್ತಿ, ತಿರುಗಿಸಿ, ಬಿಸಿಲಿಗೆ ಹಿಡಿದ.

"ಅಯ್ಯೋ, ಒಳಗೊಂದು ಹುಳ ಇದೆ!" ಎಂದಳು ನಿಶಿವಾಕಿ.

ಮುನೆಹಿಸಾ ನೋಡಿದ. ಅವನ ಕತ್ತಿನ ನರ ಒಮ್ಮೆ ಎದ್ದು ಇಳಿಯಿತು. ಅಷ್ಟೇ. ಮನುಷ್ಯ ಗಟ್ಟಿಗ ಶಿಜುನೊ. ಒಂದು ಕ್ಷಣದಲ್ಲಿ ಮುಖದ ಮೇಲೆ ನಗು ತಂದುಕೊಂಡ.

"ಓ, ಕಂಡುಹಿಡಿದುಬಿಟ್ರಾ! ಅದು ನನ್ನ ಸಣ್ಣ ಗುಟ್ಟು. ವರ್ಷ ಕಳೆದ ಮೇಲೇ ಕಾಣಲಿ ಅಂತ ಬಚ್ಚಿಟ್ಟಿದ್ದೆ."

ನಾನು ಕೇಳಿದೆ: "ಯಾಕೆ ಗುರುಗಳೇ ಒಂದೇ ಮೀಸೆ?"

"ನಮ್ಮಮ್ಮನಿಗೆ ಒಂದು ಕಿವಿ ಕೇಳಿಸ್ತಿರಲಿಲ್ಲ," ಎಂದ, ದನಿ ತಗ್ಗಿಸಿ. "ಶರತ್ಕಾಲದಲ್ಲಿ ಜೀರುಂಡೆ ಕೂಗಿದ್ರೆ ಆ ಕಡೆ ಕಿವಿ ಮಾಡಿ ಕೂತ್ಕೊಳ್ತಿದ್ಳು. ಅವಳ ನೆನಪಿಗೆ."

ಒಬ್ಬಳು ಕರವಸ್ತ್ರ ತೆಗೆದಳು. ಪತ್ರಿಕೆಯವನು ಬರೆದುಕೊಂಡ. ಅವನಮ್ಮನಿಗೆ ಎರಡೂ ಕಿವಿ ಎಷ್ಟು ಚುರುಕಾಗಿದ್ದವೆಂದು ನಿನಗೆ ಗೊತ್ತಲ್ಲ, ನಾವು ಮಹಡಿಯಲ್ಲಿ ಪಿಸುಗುಟ್ಟಿದರೂ ಕೆಳಗಿನಿಂದ ಬೈಗುಳ ಬರುತ್ತಿತ್ತು. ಮುನೆಹಿಸಾ ಓರೆಗಣ್ಣಿನಲ್ಲಿ ನನ್ನತ್ತ ನೋಡಿದ. ಇವಳು ಬಾಯಿ ಬಿಡುತ್ತಾಳೋ ಎಂದು. ನಾನು ಬಗ್ಗಿ, "ಎಷ್ಟು ಚೆನ್ನಾಗಿದೆ ಗುರುಗಳೇ, ಕೇಳಿ ಕಣ್ಣು ತುಂಬಿ ಬಂತು," ಎಂದೆ. ಅವನ ಭುಜ ಸಡಿಲವಾಯಿತು.

ನನಗೆ ಬೇಕಾದದ್ದೂ ಅದೇ. ಸುಳ್ಳನ್ನು ಅವನೇ ತನ್ನ ಬಾಯಲ್ಲಿ, ಅವನಿಗೆ ಬೇಕಾದವರೆಲ್ಲರ ಎದುರಿಗೆ ಹೇಳಬೇಕಿತ್ತು.

ಊಟ ಮುಗಿಸಿ ಸಾಕೆ ಮನೆಗೆ ಹೋದೆವು. ಹೊಸ ಸಾಕೆ ಇಳಿದಿತ್ತು. ಅದರ ಗುರುತಿಗೆ ಬಾಗಿಲ ಮೇಲೆ ದೇವದಾರು ಎಲೆಯ ಉಂಡೆಯನ್ನು ಹಸಿರು ಹಸಿರಾಗಿ ತೂಗುಹಾಕಿದ್ದರು, ಒಳಗೆಲ್ಲ ಬೆಂದ ಅಕ್ಕಿಯ ಹಬೆ. ಅಲ್ಲಿಯ ಯಜಮಾನಿ ನನಗೆ ಹಳೆಯ ಪರಿಚಯ. ಗಣ್ಯರ ಮೇಜಿಗೆ ಅವತ್ತು ನನ್ನ ಮನೆಯ ಬಟ್ಟಲು ಇಡಬೇಕು, ಮೊದಲು ಮಬ್ಬು ಸಾಕೆಯನ್ನೇ ತುಂಬಿ ತರಬೇಕು ಎಂದು ಹಿಂದಿನ ದಿನವೇ ಕೇಳಿಕೊಂಡಿದ್ದೆ. "ಯಾಕೆ ಕಿನುಯೊ ಅಕ್ಕ?" ಎಂದಳು. "ಒಂದು ಹಳೇ ಬಾಕಿ ತೀರಿಸ್ಬೇಕು," ಎಂದೆ. ಅವಳು ಮತ್ತೆ ಕೇಳಲಿಲ್ಲ.

ಯಾವ ಬಟ್ಟಲು ಎಂದು ನಿನಗೆ ಹೊಳೆದಿರಬೇಕು. ನನ್ನ ಮದುವೆಗೆ ನೀನು ಮಾಡಿಕೊಟ್ಟ ಐದು ಕಪ್ಪು ಬಟ್ಟಲುಗಳು. ತೊಕುಜಿ ಇದ್ದಾಗ ಹೊಸ ವರ್ಷಕ್ಕೆ ಮಾತ್ರ ತೆಗೆಯುತ್ತಿದ್ದೆವು.

ಆ ಮೇಜಿನಲ್ಲಿ ಮುನೆಹಿಸಾ, ಓನುಮಾ ಅವರು, ಪತ್ರಿಕೆಯವನು, ನಾನು. ಐದನೆಯ ಜಾಗದಲ್ಲಿ ಬೇಕೆಂದೇ ನಿಶಿವಾಕಿಯನ್ನು ಕೂರಿಸಿದ್ದೆ. ಹಾಲಿನ ಹಾಗೆ ಬೆಳ್ಳಗಿನ ಸಾಕೆ ತುಂಬಿದ ಬಟ್ಟಲುಗಳು ಬಂದವು. ಮುನೆಹಿಸಾ ತನ್ನ ಬಟ್ಟಲೆತ್ತಿ ನಾಲ್ಕು ಮಾತು ಆಡಿದ. ತಂದೆಯ ಋಣ, ಐಜುವಿನ ಋಣ, ಹೀಗೆ. ಎಲ್ಲರೂ ಕುಡಿದರು. ನಾನು ಕುಡಿಯಲಿಲ್ಲ. ಅವನ ಗಂಟಲು ಏರಿಳಿಯುವುದನ್ನು ನೋಡುತ್ತಿದ್ದೆ.

ಬಟ್ಟಲು ಬರಿದಾಯಿತು. ತಳ ಕಂಡಿತು. ಅವನು ಅದನ್ನು ತುಟಿಯಿಂದ ತೆಗೆದವನು ಕೆಳಗಿಡಲೇ ಇಲ್ಲ.

ಅಷ್ಟರಲ್ಲಿ ನಿಶಿವಾಕಿ ಚಪ್ಪಾಳೆ ತಟ್ಟಿದಳು. "ನನ್ನ ಬಟ್ಟಲಲ್ಲೂ ಅದೇ ಹುಳ! ನೋಡಿ, ಒಂದೇ ಮೀಸೆ! ಗುರುಗಳೇ, ಇದೂ ನಿಮ್ಮಮ್ಮನೇ ಏನ್ರಿ?"

ಓನುಮಾ ಅವರು ನಗಲಿಲ್ಲ. ತಮ್ಮ ಬಟ್ಟಲನ್ನು ಕರವಸ್ತ್ರದಿಂದ ಒರೆಸಿ, ಬೆಳಕಿಗೆ ತಿರುಗಿಸಿ, ನನ್ನನ್ನು ಕೇಳಿದರು: "ಇದು ಯಾರ ಕೆಲಸ?"

ನಾನು ಚೀಲದಿಂದ ಬಟ್ಟಲುಗಳ ಮರದ ಡಬ್ಬಿಯ ಮುಚ್ಚಳ ತೆಗೆದು ಮೇಜಿನ ನಡುವೆ ಇಟ್ಟೆ. ಯುಗಾವಾ ಗುರುಗಳು ಸ್ವತಃ ಮಸಿಯಲ್ಲಿ ಬರೆದದ್ದು: "ಜೀರುಂಡೆಯ ಬಟ್ಟಲು, ಐದು. ಶಿಜುನೊಳ ಕೈಕೆಲಸ. ಶೋವಾ ಅರವತ್ತು, ವಸಂತ." ಕೆಳಗೆ ಅವರ ಕೆಂಪು ಮುದ್ರೆ, ಮೂವತ್ತೆಂಟು ವರ್ಷ ಹಳೆಯದು. ಅಪ್ಪನ ಅಕ್ಷರವನ್ನು ಮಗ ಹೇಗೆ ಸುಳ್ಳೆನ್ನುತ್ತಾನೆ?

"ಶಿಜುನೊ ಅಂದ್ರೆ ಯಾರು?" ಎಂದರು ಓನುಮಾ.

ಹೇಳಿದೆ. ನಿನಗೆ ಗೊತ್ತಿರುವುದೇ, ಆದರೂ ಅಲ್ಲಿ ಹೇಗೆ ಹೇಳಿದೆನೋ ಹಾಗೆಯೇ ಬರೆಯುತ್ತೇನೆ, ನಿನ್ನ ಹೆಸರಿನಲ್ಲಿ ಏನು ಹೇಳಿದೆ ಎಂದು ನಿನಗೆ ತಿಳಿದಿರಲಿ. ಆ ಕಾರ್ಯಾಗಾರದಲ್ಲಿ ನಾವಿಬ್ಬರು ಹುಡುಗಿಯರು ಕಲಿಯುತ್ತಿದ್ದೆವು. ಶಿಜುನೊ ಒಂದು ಪೆಟ್ಟಿಗೆಯ ಮೇಲೆ ಎರಡು ವರ್ಷ ಜೊಂಡುಹುಲ್ಲು ಬಿಡಿಸಿದಳು. ಕೊನೆಯ ಹೊಳಪು ಕೊಡುವುದಷ್ಟೇ ಉಳಿದಿತ್ತು. ಆಗ ಚಿನ್ನದ ಪುಡಿಯ ಡಬ್ಬಿ ಕಾಣೆಯಾಯಿತು. ಗುರುಗಳು ಅವಳನ್ನು ಕರೆದು, "ನೋಡಿದವರಿದ್ದಾರೆ" ಎಂದಷ್ಟೇ ಹೇಳಿ, ಅದೇ ದಿನ ಮನೆಗೆ ಕಳಿಸಿದರು. ಕಳ್ಳಿ ಎನ್ನಿಸಿಕೊಂಡವಳಿಗೆ ಈ ಊರಿನ ಯಾವ ಕಾರ್ಯಾಗಾರದಲ್ಲೂ ಜಾಗ ಸಿಗಲಿಲ್ಲ. ಹೊಕ್ಕೈಡೊದ ಒತಾರುವಿಗೆ ಹೋಗಿ ಮೀನು ಹೆಚ್ಚುವ ಕೆಲಸ ಹಿಡಿದಳು, ಮತ್ತೆ ಕುಂಚ ಮುಟ್ಟಲಿಲ್ಲ. ಆ ಚಳಿಗಾಲದಲ್ಲೇ ಗುರುಗಳಿಗೆ ಪಾರ್ಶ್ವವಾಯು ಬಡಿದು ಮಾತು ನಿಂತಿತು. ವಸಂತದಲ್ಲಿ ಪೆಟ್ಟಿಗೆಗೆ ಟೋಕಿಯೋದಲ್ಲಿ ಬಹುಮಾನ ಬಂತು, ಮುನೆಹಿಸಾನ ಹೆಸರಿನಲ್ಲಿ.

ಆಚೆ ಮೇಜಿನವರೂ ಬಟ್ಟಲು ಕೆಳಗಿಟ್ಟಿದ್ದರು.

"ಮುಗಿಸಿದ್ದು ನಾನು," ಎಂದ ಮುನೆಹಿಸಾ. "ಹೊಳಪು ಕೊಟ್ಟಿದ್ದು ನಾನು. ಅವಳು ಅರ್ಧಕ್ಕೆ ಬಿಟ್ಟು ಹೋಗಿದ್ಳು."

"ಬಿಡಿಸಿದ್ದು?" ಎಂದರು ಓನುಮಾ.

ಅವನು ಮರದ ಮುಚ್ಚಳವನ್ನು ತನ್ನ ಎದುರಿನಿಂದ ಆಚೆ ಸರಿಸಿದ.

"ನಿಮ್ಮ ತಾಯಿಯವರ ಕಿವಿ?"

ನಿಶಿವಾಕಿ ಆಚೆ ಮೇಜಿನಲ್ಲಿದ್ದ ತನ್ನ ಗಂಡನ ಕಡೆ ತಿರುಗಿ, ಪಿಸುಮಾತು ಎಂದುಕೊಂಡು ಎಲ್ಲರಿಗೂ ಕೇಳುವಂತೆ, "ಸತ್ತ ಅಮ್ಮನ್ನ ಕಿವುಡಿ ಮಾಡಿದ್ನಲ್ರೀ ಈ ಮನುಷ್ಯ!" ಎಂದಳು.

ನಾನು ಅಲ್ಲಿಗೇ ನಿಲ್ಲಿಸಬಹುದಿತ್ತು. ನಿಲ್ಲಿಸಲಿಲ್ಲ. "ಚಿನ್ನದ ಡಬ್ಬಿ ಏನಾಯ್ತು, ಅದನ್ನೂ ಹೇಳಿಬಿಡಿ ಗುರುಗಳೇ," ಎಂದೆ. ಇದು ನನ್ನ ಊಹೆ ಮಾತ್ರವಾಗಿತ್ತು, ಕತ್ತಲಲ್ಲಿ ಎಸೆದ ಕಲ್ಲು. ಅವನು ಕೈಯಲ್ಲಿದ್ದ ಬಟ್ಟಲನ್ನು ಮೇಜಿನ ಮೇಲಿಟ್ಟ.

"ಎರಡು ತಿಂಗಳಾದ ಮೇಲೆ ಸಿಕ್ತು," ಎಂದ. "ಮೆರುಗು ಒಣಗಿಸೋ ಬೀರು ಹಿಂದೆ ಬಿದ್ದಿತ್ತು. ಯಾರೂ ಕದ್ದಿರಲಿಲ್ಲ. ಅಪ್ಪ ಆಗಲೇ ಹಾಸಿಗೆ ಹಿಡಿದಿದ್ರು. ಹೇಳಿದ್ರೆ ಅವಳು ವಾಪಸ್ ಬರ್ತಿದ್ಳು. ಬಂದ್ರೆ ಪೆಟ್ಟಿಗೆ ಕೇಳ್ತಿದ್ಳು."

ಕೇಳಿದೆಯಾ ಶಿಜುನೊ? ನಿನ್ನ ಇಡೀ ಬದುಕು ಅವನ ಬಾಯಲ್ಲಿ ಇಷ್ಟೇ ಮಾತಿನಲ್ಲಿ ಮುಗಿಯಿತು. ನಾನು ಎದ್ದು ಅವನ ಬಟ್ಟಲಿಗೆ ಎರಡನೆಯ ಸಾಕೆ ಸುರಿದೆ, ತಿಳಿಯಾದದ್ದು, ತಳದ ಜೀರುಂಡೆ ಚೆನ್ನಾಗಿ ಕಾಣಲೆಂದು. "ಕುಡೀರಿ," ಎಂದೆ. ಅವನು ಎತ್ತಲು ಹೋಗಿ ಮೇಜಿನ ಮೇಲೆಲ್ಲ ಚೆಲ್ಲಿಕೊಂಡ. ಅಷ್ಟು ಸುಖ ನನಗೆ ಈ ಇಪ್ಪತ್ತು ವರ್ಷದಲ್ಲಿ ಯಾವುದರಿಂದಲೂ ಸಿಕ್ಕಿರಲಿಲ್ಲ. ಒಳ್ಳೆಯವಳ ಹಾಗೆ ಬರೆಯಲು ಮನಸ್ಸಿಲ್ಲ, ಇದ್ದದ್ದು ಇದೇ.

ಅವನು ಹೊರಡುವಾಗ ನನ್ನ ಪಕ್ಕ ಒಂದು ಗಳಿಗೆ ನಿಂತು, ನನಗಷ್ಟೇ ಕೇಳುವಂತೆ ಏನೋ ಒಂದು ಮಾತು ಹೇಳಿದ. ಸೋತವನ ಮಾತು. ಬಿಡು.

ಆಮೇಲೆ ಆದದ್ದು ಬೇಗ ಬೇಗ ಹೇಳುತ್ತೇನೆ. ವಸ್ತುಸಂಗ್ರಹಾಲಯದವರು ಎಲ್ಲವನ್ನೂ ತಡೆಹಿಡಿದರು. ಪತ್ರಿಕೆಯಲ್ಲಿ ಬುಧವಾರ ಬಂತು, ಕತ್ತರಿಸಿ ಇದರ ಜೊತೆ ಇಟ್ಟಿದ್ದೇನೆ. ನಿನ್ನ ಹೆಸರು ಮೂರು ಸಲ ಇದೆ, ಎಣಿಸಿಕೋ. ಮುನೆಹಿಸಾ ಕಸುಬುದಾರರ ಸಂಘದ ಅಧ್ಯಕ್ಷಗಿರಿ ಬಿಟ್ಟ. ಕಾರ್ಯಾಗಾರದ ಬಾಗಿಲು ಹಾಕಿದೆ. ಮಾರುಕಟ್ಟೆಯಲ್ಲಿ ಅವನ ಹೆಂಡತಿ ನನ್ನನ್ನು ಕಂಡು ಮೂಲಂಗಿ ಅಲ್ಲೇ ಬಿಟ್ಟು ಹೊರಟುಹೋದಳು. ಅವಳ ಬಗ್ಗೆ ಮಾತ್ರ ಒಂದಿಷ್ಟು ಚುರುಕ್ಕೆಂದಿತು, ಆ ಪೆಟ್ಟಿಗೆ ಎತ್ತಲು ನನ್ನನ್ನು ಕರೆದವಳು ಅವಳೇ ತಾನೆ. ಪ್ರವಾಸದ ಕಚೇರಿಯವರು ಇನ್ನು ಬರಬೇಡಿ ಎಂದಿದ್ದಾರೆ. ಅತಿಥಿಗಳ ಎದುರು ಆತಿಥೇಯರಿಗೆ ಅವಮಾನ ಮಾಡಿದೆನಂತೆ. ಹೌದು, ಮಾಡಿದೆ! ಬಾವುಟವನ್ನು ಅವರ ಮೇಜಿನ ಮೇಲಿಟ್ಟು ಬಂದೆ. ಅವತ್ತು ಮನೆಗೆ ಬಂದು ಹಬ್ಬದ ಹಾಗೆ ಕೊಜುಯು ಸಾರು ಮಾಡಿ ಎರಡು ಬಟ್ಟಲು ತಿಂದೆ.

ಓನುಮಾ ಅವರು ಪೆಟ್ಟಿಗೆಯನ್ನು ನಿನ್ನ ಹೆಸರಿನಲ್ಲಿ ಇಡಬೇಕೆಂದಿದ್ದಾರೆ. ನಿನ್ನನ್ನು ಕಾಣಲು ತಾವೇ ಬರುತ್ತಾರಂತೆ. ವಿಳಾಸ ಕೇಳಿದರು, ಕೊಟ್ಟಿದ್ದೇನೆ. ಅದಕ್ಕೂ ನಿನ್ನನ್ನು ಕೇಳಲಿಲ್ಲ. ಬೈಯುವುದಿದ್ದರೆ ಎಲ್ಲಕ್ಕೂ ಒಟ್ಟಿಗೆ ಬೈದುಬಿಡು.

ಮೊಮ್ಮಗಳು ಈ ವರ್ಷ ಶಾಲೆಗೆ ಸೇರಿದಳಲ್ಲ, ಅವಳ ತಲೆಯ ಮೇಲೆ ನನ್ನ ಪರವಾಗಿ ಒಮ್ಮೆ ಕೈಯಿಡು, ಅವಳ ಕೈಗೆ ಹಿಡಿದ ಕೆಲಸ ಒಲಿಯಲಿ. ನಿನ್ನ ಮಂಡಿ ಬೆಚ್ಚಗಿರಲಿ, ಮನಸ್ಸು ಅದಕ್ಕಿಂತ ಬೆಚ್ಚಗಿರಲಿ. ಒಣಗಿದ ಪರ್ಸಿಮನ್ ಮುಂದಿನ ತಿಂಗಳ ಕೊನೆಗೆ ಕಳಿಸುತ್ತೇನೆ.

ನಿನ್ನ
ಕಿನುಯೊ

ಮರೆತ ಮಾತು: ಮರೆತದ್ದಲ್ಲ. ಲಕೋಟೆಗೆ ಅಂಟು ಹಚ್ಚಿ, ಅದು ಒಣಗುವ ಮೊದಲೇ ಮತ್ತೆ ಬಿಚ್ಚಿದ್ದೇನೆ.

ಮುನೆಹಿಸಾ ನನ್ನ ಪಕ್ಕ ನಿಂತು ಹೇಳಿದ್ದು ಇದು: "ಅವಳ ಪೆಟ್ಟಿಗೆ ಕದ್ದಿದ್ದು ನಾನು, ಕಿನುಯೊ. ಅವಳನ್ನ ಕಳ್ಳಿ ಮಾಡಿದ್ದು ನಾನಲ್ಲ."

ಅವನು ಹೇಳಿದ್ದು ನಿಜ, ಅವನಿಗೆ ಅವನಪ್ಪ ಹೇಳಿರಬೇಕು. ಗುರುಗಳು ಅವತ್ತು ನನ್ನೊಬ್ಬಳನ್ನೇ ಹಿಂದಿನ ಕೋಣೆಗೆ ಕರೆದು, ಚಿನ್ನದ ಡಬ್ಬಿ ಇಟ್ಟಿದ್ದ ಬೀರುವಿನ ಹತ್ತಿರ ಯಾರನ್ನಾದರೂ ನೋಡಿದೆಯಾ ಎಂದು ಕೇಳಿದರು. ನಾನು ಯಾರನ್ನೂ ನೋಡಿರಲಿಲ್ಲ. "ಶಿಜುನೊ" ಎಂದೆ. ಯಾರೂ ಹೇಳಿಕೊಟ್ಟಿರಲಿಲ್ಲ, ಯಾರೂ ಹೆದರಿಸಿರಲಿಲ್ಲ. ಆ ಬೆಳಿಗ್ಗೆ ಗುರುಗಳು ನಿನ್ನ ಪೆಟ್ಟಿಗೆಯನ್ನೂ ನಾನು ಬಿಡಿಸಿದ ತಟ್ಟೆಯನ್ನೂ ಅಕ್ಕಪಕ್ಕ ಇಟ್ಟು ನೋಡಿದ್ದರು. ನಿನ್ನದನ್ನು ಬಹಳ ಹೊತ್ತು ನೋಡಿದರು. ನನ್ನದನ್ನು ಒಂದು ಮಾತೂ ಆಡದೆ ಪಕ್ಕಕ್ಕೆ ಸರಿಸಿದರು. ನನ್ನಲ್ಲಿದ್ದ ಕಾರಣ ಅಷ್ಟೇ. ಒಂದು ದಿನ ಬೈಸಿಕೊಳ್ಳುತ್ತೀಯ ಎಂದುಕೊಂಡಿದ್ದೆ.

ಮೂವತ್ತೆಂಟು ವರ್ಷ ಎಲ್ಲಿದ್ದೆ ಎಂದು ನೀನು ಕೇಳಲಿಲ್ಲ. ಸಾಕ್ಷಿ ಇರಲಿಲ್ಲ ಎಂದು ನಾನು ನನಗೇ ಹೇಳಿಕೊಳ್ಳುತ್ತಿದ್ದೆ. ಸಾಕ್ಷಿ ನಾನೇ ಆಗಿದ್ದೆ.

ನೀನು ಹೊರಟ ದಿನ ನಿನ್ನ ಬಟ್ಟೆಯ ಗಂಟು ಕಟ್ಟಿಕೊಟ್ಟವಳೂ ನಾನೇ. ನೀನು ಅಳುತ್ತಾ, "ಮುನೆಹಿಸಾನೇ ಹೇಳಿರ್ಬೇಕು ಅಲ್ವಾ?" ಎಂದೆ. ನಾನು ಗಂಟನ್ನು ಬಿಗಿ ಮಾಡುತ್ತಾ, "ಹೂಂ, ಅವನೇ ಇರ್ಬೇಕು" ಎಂದೆ. ನೀನು ನನಗೆ ಥ್ಯಾಂಕ್ಸ್ ಹೇಳಿದೆ.

ಓನುಮಾ ಅವರಿಗೆ ನಾನು ಬರೆದುಕೊಟ್ಟ ಹೇಳಿಕೆಯಲ್ಲಿ ಇದು ಇಲ್ಲ. ಕುಳಿತು ಮೂರು ಸಲ ಬರೆದೆ, ಮೂರು ಸಲವೂ ಹರಿದೆ. ಅವರು ನಿನ್ನ ಮನೆಗೆ ಬಂದಾಗ ಈ ಕಾಗದವನ್ನು ಅವರ ಕೈಗೆ ಕೊಡು. ನನ್ನ ಸಹಿ ಇದೆ.